ಒಂದೇ ಮನೆಯ ಮೂರು ಮರದ ಗೋಡೆಗಳು: ಹಳೆಯ ಪ್ಯಾನೆಲಿಂಗ್ ನವೀಕರಣದ ಒಂದು ಪ್ರಕರಣ ಅಧ್ಯಯನ

ಹಿನ್ನೆಲೆ

ಈ ಪ್ರಕರಣದ ಮನೆಯನ್ನು ಕಟ್ಟಿ ಸುಮಾರು 50 ವರ್ಷಗಳಾಗಿವೆ. ಹಜಾರದ ಎರಡು ಗೋಡೆಗಳಿಗೂ, ಹಜಾರದಿಂದ ಮಲಗುವ ಕೋಣೆಗಳತ್ತ ಹೋಗುವ ಪ್ಯಾಸೇಜಿನ ಒಂದು ಬದಿಗೂ ನೆಲದಿಂದ ಚಾವಣಿಯವರೆಗೆ ಮರದ ಪ್ಯಾನೆಲಿಂಗ್ ಮಾಡಿಸಲಾಗಿತ್ತು. ಮನೆಯಲ್ಲಿ ವಯಸ್ಸಾದ ದಂಪತಿ, ಅವರ ಮಗಳು, ಅಳಿಯ ಮತ್ತು ಶಾಲೆಗೆ ಹೋಗುವ ಮೊಮ್ಮಕ್ಕಳು ವಾಸವಾಗಿದ್ದಾರೆ. ಅವರ ಗುರುತು ತಿಳಿಯಬಾರದೆಂದು ಊರು, ಹೆಸರು ಮುಂತಾದ ವಿವರಗಳನ್ನು ಬಿಟ್ಟು, ಹಿರಿಯರು, ಮಗಳು, ಅಳಿಯ ಎಂದಷ್ಟೇ ಬರೆಯುತ್ತಿದ್ದೇನೆ. ನಾನು ಈ ಕೆಲಸಕ್ಕೆ ಒಳಾಂಗಣ ಸಲಹೆಗಾಗಿ ಸೇರಿಕೊಂಡವರಲ್ಲಿ ಒಬ್ಬ.

ನನ್ನನ್ನು ಕರೆಯುವ ಮೊದಲೇ ಮನೆಯವರಿಗೆ ಎರಡು ಸಲಹೆಗಳು ಬಂದಿದ್ದವು. ಎಲ್ಲ ಗೋಡೆಗಳಿಗೂ ನೇರವಾಗಿ ಬಿಳಿ ಬಣ್ಣ ಹೊಡೆದುಬಿಡಿ ಎಂಬುದು ಒಂದು. ಎಲ್ಲವನ್ನೂ ಕಿತ್ತೆಸೆದು ಜಿಪ್ಸಂ ಬೋರ್ಡ್ ಕೂರಿಸಿ ಎಂಬುದು ಇನ್ನೊಂದು. ಎರಡೂ ಸಲಹೆಗಳು ಗೋಡೆಯನ್ನು ಮುಟ್ಟಿ ನೋಡದೆ ಬಂದವು. ಮೂರೂ ಗೋಡೆಗಳು ಒಂದೇ ಬಗೆಯವು ಎಂಬ ಊಹೆ ಎರಡರಲ್ಲೂ ಇತ್ತು, ಮತ್ತು ದೂರದಿಂದ ನೋಡಿದವರಿಗೆ ಹಾಗೆಯೇ ಕಾಣುವಂತೆ ಮೂರಕ್ಕೂ ಒಂದೇ ಕಂದು ಛಾಯೆಯ ಮೆರುಗು ಇತ್ತು. ಈ ಊಹೆಯ ಮೇಲೆ ಕೆಲಸ ಶುರುವಾಗಿದ್ದರೆ ಏನಾಗುತ್ತಿತ್ತು ಎಂಬುದು ಮುಂದಿನ ವಿವರಗಳಿಂದ ತಿಳಿಯುತ್ತದೆ.

ಸಮಸ್ಯೆ

ಮಗಳು ಹೇಳಿದ ದೂರು ಸರಳವಾಗಿತ್ತು: ಮಧ್ಯಾಹ್ನವೂ ದೀಪ ಹಾಕಬೇಕು, ಹಜಾರ ಇರುವುದಕ್ಕಿಂತ ಚಿಕ್ಕದಾಗಿ ಕಾಣುತ್ತದೆ, ಮಕ್ಕಳು ಅಲ್ಲಿ ಕುಳಿತು ಓದುವುದಿಲ್ಲ. ಹಿರಿಯರ ನಿಲುವೂ ಅಷ್ಟೇ ಸ್ಪಷ್ಟವಾಗಿತ್ತು. ಹಜಾರದ ಉದ್ದನೆಯ ಗೋಡೆಯ ಹಲಗೆಗಳನ್ನು ಅವರೇ ಒಂದೊಂದಾಗಿ ಆರಿಸಿ, ಬಡಗಿಯ ಪಕ್ಕದಲ್ಲಿ ನಿಂತು ಕೂರಿಸಿದ್ದರು. ಆ ಗೋಡೆಗೆ ಬಣ್ಣ ಹೊಡೆಯುವ ಮಾತು ಬಂದಾಗಲೆಲ್ಲ ಅವರು ಎದ್ದು ಹೋಗುತ್ತಿದ್ದರು. ಮೂರನೆಯ ವಿಷಯವೊಂದನ್ನು ಹಿರಿಯರ ಪತ್ನಿ ಹೇಳಿದರು, ಅದೂ ಮಾತಿನ ಮಧ್ಯೆ ಹಾಗೇ ಬಂದದ್ದು: ಮಳೆಗಾಲದಲ್ಲಿ ಕಿಟಕಿಯ ಪಕ್ಕದ ಮೂಲೆಯಲ್ಲಿ ಮುಗ್ಗಲು ವಾಸನೆ ಬರುತ್ತದೆ, ಎಷ್ಟು ಒರೆಸಿದರೂ ಹೋಗುವುದಿಲ್ಲ. ಈ ಕೆಲಸದ ದಿಕ್ಕನ್ನು ಕೊನೆಗೆ ಬದಲಿಸಿದ್ದು ಈ ಮೂರನೆಯ ಮಾತೇ.

ಬೆಳಕಿನ ದೂರು ನಿಜವಾದದ್ದು. ಮೇಲ್ಮೈಯೊಂದು ತನ್ನ ಮೇಲೆ ಬಿದ್ದ ಬೆಳಕಿನಲ್ಲಿ ಶೇಕಡಾ ಎಷ್ಟು ಪಾಲನ್ನು ಕೋಣೆಗೆ ಹಿಂತಿರುಗಿಸುತ್ತದೆ ಎಂಬುದನ್ನು ತಿಳಿಸುವ ಎಲ್‌ಆರ್‌ವಿ ಎಂಬ ಅಂಕಿ ಅನೇಕ ಶೇಡ್ ಕಾರ್ಡ್‌ಗಳಲ್ಲಿ ಇರುತ್ತದೆ. ಬಿಳಿಯ ಛಾಯೆಗಳಿಗೆ ಅದು 80ಕ್ಕಿಂತ ಮೇಲಿರುತ್ತದೆ. ಪಾಲಿಶ್ ಹಳತಾಗಿ ಕಪ್ಪಾದ ಮರಕ್ಕೆ 10ರಿಂದ 20ರ ಆಸುಪಾಸಿನಲ್ಲಿರುತ್ತದೆ. ಆದರೆ ಇದರಿಂದ ಎಲ್ಲ ಗೋಡೆಗಳೂ ಬಿಳಿಯಾಗಬೇಕು ಎಂಬ ತೀರ್ಮಾನಕ್ಕೆ ಬರಬೇಕಾಗಿಲ್ಲ. ಕಿಟಕಿ ಇರುವ ಗೋಡೆಯೇ ಕಪ್ಪಾಗಿದ್ದರೆ, ಹೊಳೆಯುವ ಕಿಟಕಿಗೂ ಅದರ ಸುತ್ತಲಿನ ಗೋಡೆಗೂ ನಡುವಿನ ಅಂತರ ಹೆಚ್ಚಾಗಿ ಕಣ್ಣು ಕುಕ್ಕುತ್ತದೆ, ಕೋಣೆಯ ಉಳಿದ ಭಾಗ ಇನ್ನಷ್ಟು ಮಬ್ಬಾಗಿ ತೋರುತ್ತದೆ. ಈ ಮನೆಯಲ್ಲಿ ಕಿಟಕಿಯಿದ್ದ ಹೊರಗೋಡೆಯ ಸ್ಥಿತಿ ಅದೇ ಆಗಿತ್ತು. ಹಿರಿಯರು ಪ್ರೀತಿಸುತ್ತಿದ್ದ ಗೋಡೆ ಆ ಕಿಟಕಿಯ ಗೋಡೆಗೆ ಅಡ್ಡಲಾಗಿ, ಪಕ್ಕದಲ್ಲಿತ್ತು. ಆದ್ದರಿಂದ ಇಬ್ಬರ ಬೇಡಿಕೆಗಳೂ ಪರಸ್ಪರ ವಿರುದ್ಧವೇ ಆಗಿರಬೇಕಾಗಿಲ್ಲ ಎಂಬ ಆಸೆ ನನಗೆ ಮೊದಲ ಭೇಟಿಯಲ್ಲೇ ಹುಟ್ಟಿತ್ತು.

ಮನೆಯವರು ಮೊದಲೇ ಮಾಡಿದ್ದ ಪ್ರಯೋಗಗಳು

ಅಳಿಯ ಎರಡು ಕಡೆ ಬಣ್ಣ ಹೊಡೆದು ನೋಡಿದ್ದರು. ಪ್ಯಾಸೇಜಿನ ಒಂದು ಪ್ಯಾನೆಲ್ ಹಾಳೆಯ ಮೇಲೆ ಪ್ರೈಮರ್ (ಬಣ್ಣ ಹಿಡಿಯಲೆಂದು ಅಡಿಯಲ್ಲಿ ಹಾಕುವ ಕೋಟು) ಇಲ್ಲದೆ ಗೋಡೆಯ ಎಮಲ್ಷನ್, ಅಂದರೆ ನೀರಿನ ಬಣ್ಣ, ಹೊಡೆದಿದ್ದರು. ಅದು ಒಣಗಿದ ಮೇಲೂ ಉಗುರಿನಿಂದ ಕೆರೆದರೆ ಪೊರೆಯಂತೆ ಎದ್ದು ಬರುತ್ತಿತ್ತು. ಹಜಾರದ ಉದ್ದನೆಯ ಗೋಡೆಯಲ್ಲಿ, ಕಪಾಟಿನ ಹಿಂದೆ ಮರೆಯಾಗುವ ಜಾಗದಲ್ಲಿ, ಪಾಲಿಶ್ ಪೂರ್ತಿ ಹೋಗುವವರೆಗೆ ಉಜ್ಜಿ, ನೀರಿನ ಪ್ರೈಮರ್ ಹಾಕಿ, ಮೇಲೆ ಎರಡು ಕೋಟು ಬಿಳಿ ಬಣ್ಣ ಹೊಡೆದಿದ್ದರು. ಆರಂಭದಲ್ಲಿ ಅದು ಅಚ್ಚುಕಟ್ಟಾಗಿಯೇ ಇತ್ತಂತೆ. ಕೆಲವು ವಾರಗಳ ನಂತರ ಮರದ ಗಂಟು ಇದ್ದ ಜಾಗಗಳಲ್ಲೆಲ್ಲ ಹಳದಿ ಮಿಶ್ರಿತ ಕಂದು ವೃತ್ತಗಳು ಮೂಡಿದವು. ಮತ್ತೊಂದು ಕೋಟು ಹೊಡೆದರೂ ಅವು ಮತ್ತೆ ಮೇಲೆ ಬಂದವು.

ಮನೆಯವರು ಈ ಎರಡನ್ನೂ ವ್ಯರ್ಥ ಪ್ರಯತ್ನಗಳೆಂದು ನೊಂದುಕೊಂಡಿದ್ದರು. ನನಗೆ ಅವು ಬಹಳ ಉಪಯುಕ್ತವಾದವು. ಅಂಟದೆ ಸುಲಿಯುವುದು ಒಂದು ಬಗೆಯ ಮೇಲ್ಮೈಯ ಲಕ್ಷಣ, ಒಳಗಿನಿಂದ ಕಲೆ ಮೇಲೇರುವುದು ಇನ್ನೊಂದು ಬಗೆಯದು. ಒಂದೇ ಬಗೆಯ ಗೋಡೆಯಾಗಿದ್ದರೆ ಎರಡು ಕಡೆ ಎರಡು ರೀತಿಯ ತೊಂದರೆ ಬರುವುದು ಕಡಿಮೆ.

ತಪಾಸಣೆ

ಹಳೆಯ ಪ್ಯಾನೆಲ್ ಯಾವುದರಿಂದ ಮಾಡಿದ್ದು ಎಂದು ತಿಳಿಯಲು ಅದರ ಮುಖಕ್ಕಿಂತ ಅಂಚನ್ನು ನೋಡುವುದು ಒಳ್ಳೆಯದು. ಮೈನ್ ಸ್ವಿಚ್ ಆರಿಸಿ, ಮೂರೂ ಗೋಡೆಗಳಲ್ಲಿ ಒಂದೊಂದು ಸ್ವಿಚ್ ಬೋರ್ಡಿನ ಮುಚ್ಚಳ ತೆಗೆದು, ಪೆಟ್ಟಿಗೆಗಾಗಿ ಕತ್ತರಿಸಿದ್ದ ಅಂಚಿಗೆ ಟಾರ್ಚ್ ಹಿಡಿದೆವು. ಹಜಾರದ ಉದ್ದನೆಯ ಗೋಡೆಯಲ್ಲಿ ಮರದ ಎಳೆಗಳು ಮುಖದಿಂದ ಬೆನ್ನಿನವರೆಗೆ ಒಂದೇ ಸಮನೆ ಹಾದುಹೋಗಿದ್ದವು. ಅದು ಸುಮಾರು 18 ಮಿ.ಮೀ. ದಪ್ಪದ ಗಟ್ಟಿ ಹಲಗೆ, ಒಂದರ ಅಂಚಿನ ನಾಲಿಗೆ ಪಕ್ಕದ್ದರ ತೋಡಿನೊಳಗೆ ಕೂರುವಂತೆ ಜೋಡಿಸಿದ್ದು. ಕಿಟಕಿಯ ಗೋಡೆಯಲ್ಲಿ ಕಂಡದ್ದು ವಿನೀರ್, ಅಂದರೆ ತೆಳುವಾದ ಮರದ ಪದರ, ಅಂಟಿಸಿದ 6 ಮಿ.ಮೀ. ಪ್ಲೈವುಡ್, ಹಲಗೆಗಳಂತೆ ಕಾಣಲೆಂದು ಅದರ ಮೇಲೆ ಉದ್ದುದ್ದ ಗೀರುಗಳನ್ನು ಕೊರೆದಿದ್ದರು. ಪ್ಯಾಸೇಜಿನದು ಮರದ ಹಲಗೆಯೇ ಅಲ್ಲ, ಕಂದು ಹಾರ್ಡ್‌ಬೋರ್ಡಿನ ಮೇಲೆ ಮರದ ಚಿತ್ರ ಮುದ್ರಿಸಿದ ಪದರ. ಒಮ್ಮೆ ತಿಳಿದ ಮೇಲೆ ಅದು ಮುಖದಿಂದಲೂ ಗೊತ್ತಾಗುತ್ತಿತ್ತು: ಎಡಕ್ಕೆ ಬಾಗಿದ ಬಾದಾಮಿಯಾಕಾರದ ಒಂದು ಗಂಟು ಪ್ರತಿಯೊಂದು ಹಾಳೆಯಲ್ಲೂ ಅದೇ ಎತ್ತರದಲ್ಲಿ, ಅದೇ ಬಾಗಿನಲ್ಲಿ ಮತ್ತೆ ಮತ್ತೆ ಕಾಣಿಸಿಕೊಳ್ಳುತ್ತಿತ್ತು. ಅಷ್ಟು ವರ್ಷ ಆ ಪ್ಯಾಸೇಜಿನಲ್ಲಿ ಓಡಾಡಿದ ಯಾರೂ ಅದನ್ನು ಗಮನಿಸಿರಲಿಲ್ಲ.

ಮುಂದಿನದು ಮೆರುಗಿನ ಪರೀಕ್ಷೆ. ಹತ್ತಿಯನ್ನು ಸ್ಪಿರಿಟ್‌ನಲ್ಲಿ ಅದ್ದಿ ಕಾಣದ ಜಾಗದಲ್ಲಿ ಸ್ವಲ್ಪ ಹೊತ್ತು ಒತ್ತಿ ಹಿಡಿದರೆ ಅರಗಿನ ಪಾಲಿಶ್, ಅಂದರೆ ಶೆಲಾಕ್, ಮೆತ್ತಗಾಗಿ ಹತ್ತಿಗೆ ಕಂದು ಅಂಟು ಬರುತ್ತದೆ. ಎಣ್ಣೆಯ ವಾರ್ನಿಷ್ ಆಗಲಿ ಪಾಲಿಯುರೆಥೇನ್ ಆಗಲಿ ಅಷ್ಟಕ್ಕೆ ಕರಗುವುದಿಲ್ಲ. ಗಟ್ಟಿ ಹಲಗೆಯ ಮೇಲಿದ್ದದ್ದು ಶೆಲಾಕ್. ಗಂಟಿನ ಕಲೆಯ ಗುಟ್ಟೂ ಇದರಿಂದ ಬಯಲಾಯಿತು. ಗಂಟಿನೊಳಗಿನ ರಾಳ ಮತ್ತು ಬಣ್ಣದ ಅಂಶಗಳನ್ನು ಅಷ್ಟು ವರ್ಷ ತಡೆದು ಹಿಡಿದಿದ್ದ ಪದರವೇ ಶೆಲಾಕ್. ಅದನ್ನು ಉಜ್ಜಿ ತೆಗೆದು ನೀರಿನ ಪ್ರೈಮರ್ ಹಾಕಿದ ಕೂಡಲೇ ಅವುಗಳಿಗೆ ಮೇಲೆ ಬರುವ ದಾರಿ ಸಿಕ್ಕಿತು.

ಬಾಗಿಲ ಚೌಕಟ್ಟು ಮತ್ತು ಸ್ಕರ್ಟಿಂಗ್‌ಗೆ (ಗೋಡೆಯ ಬುಡದ ಪಟ್ಟಿಗೆ) ಹಳೆಯ ಬಣ್ಣವಿದ್ದುದರಿಂದ, ಅದನ್ನು ಒಣಗಿರುವಾಗಲೇ ಉಜ್ಜಬಾರದೆಂದು ಆರಂಭದಲ್ಲೇ ಕಟ್ಟುನಿಟ್ಟಾಗಿ ಹೇಳಿದ್ದೆ. ಆ ಕಾಲದ ಬಣ್ಣಗಳಲ್ಲಿ ಸೀಸ ಇರುವ ಸಾಧ್ಯತೆ ಇರುತ್ತದೆ, ಅದರ ಧೂಳು ಮಕ್ಕಳಿಗೆ ಬಹಳ ಅಪಾಯಕಾರಿ. ಹಾಗೆಯೇ ಹಳೆಯ ಕಪ್ಪು ಅಂಟು, ಹಾಳೆಯಂಥ ನಿರೋಧಕಗಳಲ್ಲಿ ಕಲ್ನಾರು (ಆಸ್ಬೆಸ್ಟಾಸ್) ಇರಬಹುದಾದ್ದರಿಂದ, ಅಂಥದ್ದು ಕಂಡರೆ ಪರೀಕ್ಷೆ ಮಾಡಿಸುವವರೆಗೆ ಯಾರೂ ಕೀಳಬಾರದು. ಈ ಮನೆಯಲ್ಲಿ ಪ್ಯಾನೆಲ್‌ಗಳನ್ನು ಅಂಟಿಸದೆ ಮರದ ರೀಪುಗಳಿಗೆ ಮೊಳೆ ಹೊಡೆದು ಕೂರಿಸಿದ್ದರಿಂದ ಎರಡನೆಯ ಆತಂಕ ಎದುರಾಗಲಿಲ್ಲ.

ಹೊರಗೋಡೆ: ಕೆಲಸದ ತಿರುವು

ತೇವ ಅಳೆಯುವ ಮೀಟರಿನ ಮುಳ್ಳುಗಳನ್ನು ಊರಿ ನೋಡಿದಾಗ ಒಳಗೋಡೆಗಳಲ್ಲಿ ಶೇ. 10ರಿಂದ 12ರಷ್ಟು ತೇವಾಂಶ ಕಂಡಿತು. ಮನೆಯೊಳಗಿನ ಮರಕ್ಕೆ ಇದು ಸಹಜ. ಕಿಟಕಿಯ ಗೋಡೆಯ ಕೆಳಮೂಲೆಯಲ್ಲಿ, ವಾಸನೆ ಬರುತ್ತದೆಂದು ಹೇಳಿದ ಜಾಗದಲ್ಲೇ, ಅದು ಶೇ. 24 ತೋರಿಸಿತು. ಮರದ ತೇವಾಂಶ ಶೇ. 20 ದಾಟಿ ಬಹುಕಾಲ ಹಾಗೇ ಉಳಿದರೆ ಕೊಳೆಸುವ ಶಿಲೀಂಧ್ರಕ್ಕೆ ಅನುಕೂಲವಾಗುತ್ತದೆ. ಮುಖದ ಮೇಲೆ ಮಾತ್ರ ಏನೂ ಕಾಣುತ್ತಿರಲಿಲ್ಲ. ವಿನೀರ್ ಹೊಳೆಯುತ್ತಲೇ ಇತ್ತು.

ಇಲ್ಲಿ ಒಂದು ತೀರ್ಮಾನ ತೆಗೆದುಕೊಳ್ಳಬೇಕಾಯಿತು. ಹಾಳೆಯನ್ನು ಬಿಚ್ಚಿದರೆ ಅದು ಒಡೆಯುವ ಸಂಭವವಿತ್ತು, ಆ ಮಾದರಿಯದು ಮತ್ತೆ ಸಿಗುವಂತಿರಲಿಲ್ಲ. ಬಿಚ್ಚದಿದ್ದರೆ ಹಿಂದೇನಿದೆ ಎಂದು ತಿಳಿಯದೆಯೇ ಬಣ್ಣ ಹೊಡೆದಂತಾಗುತ್ತಿತ್ತು. ಮಗಳು ಹಿಂಜರಿದರು, ಬಡಗಿಯೂ ಅನುಮಾನಿಸಿದರು. ಬಿಚ್ಚಲೇಬೇಕೆಂದು ಹೇಳಿದವರು, ನಾವು ಯಾರೂ ನಿರೀಕ್ಷಿಸದಂತೆ, ಹಿರಿಯರು. ಬಡಗಿ ಮೊದಲು ಸ್ಕರ್ಟಿಂಗ್ ಎಬ್ಬಿಸಿ, ಮೊಳೆಗಳ ಸಾಲು ಹುಡುಕಿ, ಅಗಲವಾದ ಪುಟ್ಟಿ ಅಲಗನ್ನು ರೀಪಿನ ಪಕ್ಕದಲ್ಲೇ ತೂರಿಸಿ ಮೆಲ್ಲಗೆ ಸಡಿಲಿಸುತ್ತಾ ಮೂಲೆಯ ಹಾಳೆಯನ್ನು ಇಡಿಯಾಗಿ ಇಳಿಸಿದರು. ಅದರ ಬೆನ್ನಿನ ಕೆಳಭಾಗ ಮೊಣಕಾಲೆತ್ತರದವರೆಗೆ ಕಪ್ಪು ಬೂಷ್ಟು ಹಿಡಿದಿತ್ತು. ಅಡಿಯ ರೀಪು ಬೆರಳಿನಿಂದ ಒತ್ತಿದರೆ ಪುಡಿಯಾಗುತ್ತಿತ್ತು. ಗೋಡೆಯ ಗಾರೆಯ ಮೇಲೆ ಬಿಳಿಯ ಉಪ್ಪಿನ ಹುಡಿ ಮೂಡಿತ್ತು.

ಕಾರಣ ಗೋಡೆಯ ಹೊರಗಿತ್ತು. ಹೂಗಿಡಗಳಿಗಾಗಿ ವರ್ಷಗಟ್ಟಲೆ ಮಣ್ಣು ತುಂಬುತ್ತಾ ಬಂದು ಹೊರಗಿನ ನೆಲ, ಒಳಗಿನ ನೆಲದ ಮಟ್ಟಕ್ಕಿಂತ ಮೇಲೇರಿತ್ತು. ತಳಪಾಯದಿಂದ ತೇವ ಮೇಲೇರದಂತೆ ಕಟ್ಟುವಾಗ ಹಾಕಿದ್ದ ಪದರ ಮಣ್ಣಿನಡಿ ಹೂತುಹೋಗಿತ್ತು. ಜೊತೆಗೆ ಚಾವಣಿಯಿಂದ ಇಳಿಯುವ ಮಳೆನೀರಿನ ಕೊಳವೆಯ ಜೋಡಣೆಯೊಂದು ಸಡಿಲವಾಗಿ ನೀರು ನೇರವಾಗಿ ಆ ಮೂಲೆಗೇ ಬೀಳುತ್ತಿತ್ತು. ಒಳಗೆ ಬಂದ ತೇವ ಹೊರಹೋಗಲು ಪ್ಯಾನೆಲ್ ಬಿಡುತ್ತಿರಲಿಲ್ಲ. ಈ ಗೋಡೆಗೆ ಬಿಳಿ ಬಣ್ಣ ಹೊಡೆದಿದ್ದರೆ ಅಥವಾ ಅದರ ಮೇಲೆಯೇ ಜಿಪ್ಸಂ ಬೋರ್ಡ್ ಕೂರಿಸಿದ್ದರೆ ಈ ಎಲ್ಲವೂ ಇನ್ನೊಂದು ಪದರದ ಹಿಂದೆ ಮುಂದುವರಿಯುತ್ತಿತ್ತು.

ಆ ದಿನ ಹಜಾರದ ಬಣ್ಣದ ಚರ್ಚೆ ನಿಂತಿತು. ಮೊದಲು ಹೊರಗಿನ ಮಣ್ಣು ತೆಗೆದು ನೆಲದ ಮಟ್ಟ ಇಳಿಸುವುದು, ಕೊಳವೆ ಸರಿಪಡಿಸುವುದು, ನೀರು ಗೋಡೆಯಿಂದ ಆಚೆ ಹರಿಯುವಂತೆ ಇಳಿಜಾರು ಮಾಡುವುದು. ಆ ಮೇಲೆ ಈ ಗೋಡೆಯ ಎಲ್ಲ ಹಾಳೆಗಳನ್ನೂ ತೆಗೆದು ಗಾರೆಯನ್ನು ಗಾಳಿಗೆ ಬಿಡುವುದು ಎಂದು ತೀರ್ಮಾನವಾಯಿತು. ಕಟ್ಟಡದ ಕೆಲಸದವರಲ್ಲಿ ಬಳಕೆಯಲ್ಲಿರುವ ಅಂದಾಜಿನಂತೆ, ನೆನೆದ ಗೋಡೆ ಒಣಗಲು 25 ಮಿ.ಮೀ. ದಪ್ಪಕ್ಕೆ ಸುಮಾರು ಒಂದು ತಿಂಗಳು ಬೇಕು. ಅಷ್ಟು ಕಾಲ ಹಜಾರದ ಒಂದು ಬದಿ ಬೋಳಾಗಿ, ಕಲೆಗಳೊಂದಿಗೆ ಇರಬೇಕೆಂಬುದನ್ನು ಒಪ್ಪಿಸುವುದು ಈ ಇಡೀ ಕೆಲಸದಲ್ಲಿ ಎಲ್ಲಕ್ಕಿಂತ ಕಷ್ಟವಾಯಿತು. ನಡುವೆ ಒಮ್ಮೆ, ಮನೆಗೆ ನೆಂಟರು ಬರುವವರಿದ್ದಾಗ, ಗೋಡೆಗೆ ಬೇಗ ಏನಾದರೂ ಹಚ್ಚಿಬಿಡಿ ಎಂಬ ಒತ್ತಾಯ ಬಂತು. ನಾವು ಒಪ್ಪಲಿಲ್ಲ. ಮೀಟರಿನ ಅಂಕಿಗಳನ್ನು ಮಗಳೇ ವಾರಕ್ಕೊಮ್ಮೆ ಬರೆದಿಡುವ ಏರ್ಪಾಡು ಮಾಡಿದ ಮೇಲೆ ಆ ಒತ್ತಾಯ ತಾನಾಗಿ ಕಡಿಮೆಯಾಯಿತು. ಅಂಕಿ ಇಳಿಯುತ್ತಿರುವುದನ್ನು ಕಣ್ಣಾರೆ ಕಂಡವರಿಗೆ ಕಾಯುವುದಕ್ಕೊಂದು ಕಾರಣ ಸಿಕ್ಕಿತ್ತು. ಮರಕ್ಕೆಂದು ಹೊಂದಿಸಿದ ಮೀಟರ್ ಗಾರೆಯ ಮೇಲೆ ತೋರಿಸುವುದು ನಿಜವಾದ ಶೇಕಡಾವಾರು ಅಲ್ಲ, ಒಂದು ವಾರವನ್ನು ಇನ್ನೊಂದರೊಡನೆ ಹೋಲಿಸಲು ಮಾತ್ರ ಅದು ಸಾಕು ಎಂಬುದನ್ನೂ ಅವರಿಗೆ ವಿವರಿಸಿದ್ದೆ.

ಹಾಳೆಗಳನ್ನು ತೆಗೆದಾಗ ಇನ್ನೆರಡು ಕೆಲಸಗಳು ತಲೆದೋರಿದವು. ವಿದ್ಯುತ್ ತಂತಿಗಳನ್ನು ಪೈಪಿನೊಳಗೆ ಹಾಕದೆ ರೀಪುಗಳ ನಡುವೆ ಹಾಗೇ ಎಳೆದಿದ್ದರು. ಒಂದು ಕಡೆ ಪ್ಯಾನೆಲಿನ ಮೊಳೆ ತಂತಿಗೆ ತೀರ ಹತ್ತಿರ ಹಾದುಹೋಗಿತ್ತು. ಅವನ್ನೆಲ್ಲ ಗೋಡೆಯೊಳಗೆ ಪೈಪಿನಲ್ಲಿ ಹೂಳಿಸಬೇಕಾಯಿತು. ರೀಪು ಮತ್ತು ಹಾಳೆ ಸೇರಿ ಇದ್ದ ದಪ್ಪ ಹೋದದ್ದರಿಂದ ಕಿಟಕಿಯ ಚೌಕಟ್ಟು ಗೋಡೆಯಿಂದ ಸುಮಾರು 30 ಮಿ.ಮೀ. ಮುಂದಕ್ಕೆ ಚಾಚಿಕೊಂಡಿತು; ಸುತ್ತ ಅಗಲವಾದ ಬೀಡಿಂಗ್ ಪಟ್ಟಿ ಕೊಟ್ಟು ಅದನ್ನು ಸರಿಹೊಂದಿಸಿದೆವು. ಪ್ಯಾನೆಲ್ ಕೀಳುವ ಯೋಚನೆಯಿರುವವರು ಈ ಎರಡನ್ನೂ ಮೊದಲೇ ಲೆಕ್ಕಕ್ಕೆ ಹಿಡಿಯಬೇಕು. ಕೆಲವು ಮನೆಗಳಲ್ಲಿ ಹಾಳೆಯ ಹಿಂದೆ ಗೋಡೆಯೇ ಇರುವುದಿಲ್ಲ, ಬರೀ ಚೌಕಟ್ಟಿನ ಕಂಬಗಳಿರುತ್ತವೆ. ಅಲ್ಲಿ ಕೀಳುವುದೆಂದರೆ ಹೊಸ ಗೋಡೆ ಕಟ್ಟಿದಂತೆ.

ಗೋಡೆ ಒಣಗಿದ ಮೇಲೆ ಉಪ್ಪನ್ನು ಒಣ ಬ್ರಷ್ಷಿನಿಂದ ಕೆರೆದು, ಸಡಿಲ ಗಾರೆ ತೆಗೆದು ಮತ್ತೆ ಸಾರಿಸಿ, ಆವಿಯನ್ನು ಹೊರಬಿಡುವ ಗುಣದ ಬಣ್ಣವನ್ನು ಕೆನೆಬಿಳುಪಿನಲ್ಲಿ ಹೊಡೆಯಲಾಯಿತು. ಉಪ್ಪನ್ನು ನೀರು ಹಾಕಿ ತೊಳೆದರೆ ಅದು ಕರಗಿ ಮತ್ತೆ ಗಾರೆಯೊಳಗೇ ಇಳಿಯುತ್ತದೆ. ಅದಕ್ಕಾಗಿ ಒಣ ಬ್ರಷ್.

ಗಟ್ಟಿ ಹಲಗೆಯ ಗೋಡೆ

ಹೊರಗೋಡೆ ಒಣಗುತ್ತಿದ್ದ ಕಾಲವನ್ನು ಈ ಗೋಡೆಯ ತೀರ್ಮಾನಕ್ಕೆ ಬಳಸಿಕೊಂಡೆವು. ಹಲಗೆಗಳ ಮೇಲೆ, ಸೋಫಾದ ಹಿಂದೆ, ಆಳೆತ್ತರದ ಮೂರು ಮಾದರಿ ಪಟ್ಟಿಗಳನ್ನು ಮಾಡಿಸಿದೆವು: ಒಂದಕ್ಕೆ ಶೆಲಾಕ್ ಪ್ರೈಮರ್ ಹಾಕಿ ಬಿಳಿ ಬಣ್ಣ, ಇನ್ನೊಂದಕ್ಕೆ ಎಳೆಗಳು ಕಾಣುವಂತೆ ತೆಳುವಾದ ಬಿಳಿ ಛಾಯೆ, ಮತ್ತೊಂದರಲ್ಲಿ ಕಪ್ಪಾದ ಹಳೆಯ ಪಾಲಿಶ್ ತೆಗೆದು ಹೊಳಪಿಲ್ಲದ ಪಾರದರ್ಶಕ ಕೋಟು. ಶೇಡ್ ಕಾರ್ಡಿನ ಅಂಗೈಯಗಲದ ಚೌಕಗಳನ್ನು ನೋಡಿ ಇಂಥ ಗೋಡೆಯನ್ನು ನಿರ್ಧರಿಸಲಾಗದು. ಬೆಳಗಿನ ಬೆಳಕು, ಸಂಜೆಯ ಬೆಳಕು, ರಾತ್ರಿಯ ದೀಪ ಮೂರರಲ್ಲೂ ಮನೆಯವರೆಲ್ಲರೂ ಅವನ್ನು ವಾರಗಟ್ಟಲೆ ನೋಡಿದರು. ಶೆಲಾಕ್ ಪ್ರೈಮರ್ ಹಾಕಿದ ಪಟ್ಟಿಯಲ್ಲಿ ಗಂಟಿನ ಕಲೆ ಮೇಲೆ ಬರಲಿಲ್ಲ. ಹಾಗಾಗಿ ಈ ಗೋಡೆಗೆ ಬಣ್ಣ ಹೊಡೆಯಲು ಸಾಧ್ಯವೇ ಎಂಬ ಪ್ರಶ್ನೆಗೆ ಉತ್ತರ ಸಿಕ್ಕಿತು. ಹೊಡೆಯಬೇಕೇ ಎಂಬುದಷ್ಟೇ ಉಳಿಯಿತು.

ಮೂರನೆಯ ಪಟ್ಟಿಯೇ ಮನಸ್ಸುಗಳನ್ನು ಬದಲಿಸಿತು. ಎಲ್ಲರೂ ಮರದ ಬಣ್ಣವೆಂದು ತಿಳಿದಿದ್ದ ಗಾಢ ಕಂದು ಬಹುಮಟ್ಟಿಗೆ ಹಳೆಯ ಪಾಲಿಶಿನದು, ಅದರ ಮೇಲೆ ಕೂತ ಹೊಗೆ ಮತ್ತು ಮೇಣದ್ದು. ಸ್ಪಿರಿಟ್ ಮತ್ತು ನಯವಾದ ಸ್ಟೀಲ್ ವುಲ್‌ನಿಂದ ಅದು ಹೋದಾಗ ಒಳಗಿನಿಂದ ಬಂದದ್ದು ಜೇನುಬಣ್ಣದ ತಿಳಿಮರ. ಎಲ್ಲವೂ ಬಿಳಿಯಾಗಬೇಕೆಂದು ಹಟ ಹಿಡಿದಿದ್ದ ಮಗಳೇ ಈ ಪಟ್ಟಿಯನ್ನು ಆರಿಸಿದರು. ಮನೆಯಲ್ಲಿ ನಿಜವಾದ ಗಟ್ಟಿಮರವಿರುವುದು ಈ ಒಂದು ಗೋಡೆಯಲ್ಲಿ ಮಾತ್ರ ಎಂಬುದು ತಿಳಿದಿದ್ದೂ ಅವರ ತೀರ್ಮಾನಕ್ಕೆ ಕಾರಣವಾಯಿತು. ನನ್ನ ಅಭಿಪ್ರಾಯವೂ ಅದೇ ಆಗಿತ್ತು: ಬಣ್ಣವನ್ನು ಯಾವತ್ತು ಬೇಕಾದರೂ ಹೊಡೆಯಬಹುದು, ತೋಡುಗಳೊಳಗೆ ಇಳಿದ ಬಣ್ಣವನ್ನು ಪೂರ್ತಿ ತೆಗೆಯುವುದು ಬಹುತೇಕ ಅಸಾಧ್ಯ. ಹಿಂದಿರುಗಲು ಬಾರದ ಹೆಜ್ಜೆಯನ್ನು ಕೊನೆಗೆ ಇಟ್ಟುಕೊಳ್ಳುವುದು ಲೇಸು.

ಪಾಲಿಶ್ ತೆಗೆಯುವಾಗ ಕಿಟಕಿಗಳನ್ನೆಲ್ಲ ತೆರೆದಿಟ್ಟು, ಅಡುಗೆಮನೆಯ ಒಲೆ ಸಹಿತ ಎಲ್ಲ ಉರಿಯನ್ನೂ ಆರಿಸಿ ಕೆಲಸ ಮಾಡಿದರು, ಏಕೆಂದರೆ ಸ್ಪಿರಿಟ್ಟಿನ ಆವಿ ಬೇಗ ಹೊತ್ತಿಕೊಳ್ಳುತ್ತದೆ. ಫೋಟೊಗಳು ನೇತಾಡಿದ್ದ ಜಾಗಗಳಲ್ಲಿ ಚೌಕಾಕಾರದ ಬಿಳಿಚಿದ ಗುರುತುಗಳು ಉಳಿದವು. ಬೆಳಕಿಗೆ ಮರವೂ ಕಪ್ಪಾಗುತ್ತದೆ, ಮುಚ್ಚಿದ್ದ ಭಾಗ ಹಾಗಾಗಿರುವುದಿಲ್ಲ. ಪಾಲಿಶ್ ತೆಗೆದ ಮಾತ್ರಕ್ಕೆ ಆ ವ್ಯತ್ಯಾಸ ಹೋಗದು. 150 ಮತ್ತು 220 ನಂಬರಿನ ಉಜ್ಜುಕಾಗದದಿಂದ ಎಳೆಯ ದಿಕ್ಕಿನಲ್ಲೇ ಹಗುರವಾಗಿ ಉಜ್ಜಿದಾಗ ಗುರುತುಗಳು ಮಸುಕಾದವು, ಪೂರ್ತಿ ಹೋಗಲಿಲ್ಲ. ಮೇಲೆ ಮೇಣ ತೆಗೆದ ತಿಳಿ ಶೆಲಾಕ್‌ನ ತೆಳು ಕೋಟು, ಅದರ ಮೇಲೆ ನೀರಿನ ಪಾರದರ್ಶಕ ಮ್ಯಾಟ್ ಕೋಟು ಹಾಕಲಾಯಿತು.

ಪ್ಯಾಸೇಜು

ಮುದ್ರಿತ ಹಾಳೆಯನ್ನು ಉಳಿಸಿಕೊಳ್ಳುವ ಕಾರಣ ಯಾರಿಗೂ ಇರಲಿಲ್ಲ, ಕೀಳುವ ಕಾರಣವೂ ಇರಲಿಲ್ಲ. ಅದು ಒಣಗಿತ್ತು, ಗಟ್ಟಿಯಾಗಿತ್ತು. ಹೊಸ ಬೋರ್ಡುಗಳು ಮೊದಲ ತಿಂಗಳುಗಳಲ್ಲಿ ಫಾರ್ಮಾಲ್ಡಿಹೈಡ್ ಎಂಬ ಹಾನಿಕಾರಕ ಅನಿಲವನ್ನು ಹೆಚ್ಚು ಬಿಡುತ್ತವೆ, ಹಳೆಯವು ದಶಕಗಳಲ್ಲಿ ಅದನ್ನು ಬಹುಪಾಲು ಕಳೆದುಕೊಂಡಿರುತ್ತವೆ ಎಂಬುದೂ ಗಮನದಲ್ಲಿತ್ತು. ಜಿಡ್ಡು ತೆಗೆಯುವ ದ್ರಾವಣದಿಂದ ಒರೆಸಿ, ಮುದ್ರಿತ ಪದರ ಹರಿಯದಷ್ಟು ಹಗುರವಾಗಿ ಉಜ್ಜಿ, ನುಣುಪು ಮೇಲ್ಮೈಗೆ ಹಿಡಿಯುವ ಬಾಂಡಿಂಗ್ ಪ್ರೈಮರ್ ಹಾಕಿದರು. ಒಣಗಿದ ಮೇಲೆ ಅಲಗಿನಿಂದ ಅಡ್ಡಡ್ಡ ಗೀರಿ, ಟೇಪು ಅಂಟಿಸಿ ಎಳೆದು ನೋಡಿದಾಗ ಪ್ರೈಮರ್ ಏಳಲಿಲ್ಲ. ಆಮೇಲಷ್ಟೇ ಬಣ್ಣ ಹೊಡೆದರು.

ಹಲಗೆಗಳಂತೆ ಕಾಣಲೆಂದು ಈ ಹಾಳೆಗಳಲ್ಲೂ ಇದ್ದ ಉದ್ದುದ್ದ ಗೀರುಗಳನ್ನು ಪುಟ್ಟಿಯಿಂದ ತುಂಬಿ ಸಪಾಟು ಗೋಡೆಯಂತೆ ಮಾಡಬೇಕೆಂಬುದು ಅಳಿಯನ ಆಸೆ. ಒಂದು ಹಾಳೆಯಲ್ಲಿ ಮಾಡಿ ನೋಡಿದೆವು. ಹಾಳೆಯ ನಡುವಿನ ಗೀರುಗಳು ಚೆನ್ನಾಗಿಯೇ ಮುಚ್ಚಿದವು, ಆದರೆ ಎರಡು ಹಾಳೆ ಸೇರುವ ಕಡೆ ಕೂದಲೆಳೆಯ ಬಿರುಕು ಬಂತು. ಹಾಳೆಗಳು ಹವಾಮಾನಕ್ಕೆ ತಕ್ಕಂತೆ ಹಿಗ್ಗಿ ಕುಗ್ಗುತ್ತವೆ, ಗಡಸು ಪುಟ್ಟಿ ಅದಕ್ಕೆ ಬಾಗುವುದಿಲ್ಲ. ಉಳಿದ ಹಾಳೆಗಳ ಗೀರುಗಳನ್ನು ಹಾಗೇ ಬಿಟ್ಟು ಬಣ್ಣ ಹೊಡೆದೆವು. ಒಂದೇ ತಿಳಿಬಣ್ಣ ಬಿದ್ದಾಗ ಆ ಗೀರುಗಳು ಇಷ್ಟವಾಗುವಂತಹ ನೆರಳಿನ ಗೆರೆಗಳಾದವು, ಅಳಿಯನೂ ಒಪ್ಪಿದರು.

ಒಂದು ವರ್ಷದ ನಂತರ

ಒಂದು ಮಳೆಗಾಲ, ಒಂದು ಬೇಸಿಗೆ ಕಳೆದ ಮೇಲೆ ಮನೆಯನ್ನು ಮತ್ತೆ ನೋಡಿದೆ. ಹೊರಗೋಡೆಯ ಮೂಲೆಯಲ್ಲಿ ವಾಸನೆ ಇಲ್ಲ. ಹೊಸ ಸ್ಕರ್ಟಿಂಗ್ ಮರದಲ್ಲಿ ತೇವಾಂಶ ಶೇ. 12. ಒಂದು ಕಡೆ ಉಪ್ಪು ಸಣ್ಣದಾಗಿ ಮತ್ತೆ ಕಾಣಿಸಿಕೊಂಡಿತ್ತು. ಗೋಡೆಯೊಳಗೆ ಉಳಿದದ್ದು ಹೀಗೆ ಕೆಲಕಾಲ ಹೊರಬರುವುದು ಸಹಜ, ಅದನ್ನು ಕೆರೆದು ಬಣ್ಣ ತೀಡಲಾಯಿತು. ಹಜಾರದಲ್ಲಿ ಮಧ್ಯಾಹ್ನದ ದೀಪ ಬೇಕಾಗುವುದು ಮೋಡ ಕವಿದ ದಿನಗಳಲ್ಲಿ ಮಾತ್ರ. ಹಲಗೆಯ ಗೋಡೆಯ ಮೇಲಿನ ಫೋಟೊಗಳ ಗುರುತು ಇನ್ನೂ ಮಸುಕಾಗಿದೆ, ಹುಡುಕಿದರೆ ಸಿಗುತ್ತದೆ.

ಅಳಿಯ ಮೊದಲು ಬಣ್ಣ ಹೊಡೆದಿದ್ದ ಕಪಾಟಿನ ಹಿಂದಿನ ತುಂಡನ್ನು ನಾವು ಬೇಕೆಂದೇ ಹಾಗೇ ಬಿಟ್ಟಿದ್ದೆವು. ಬೇಸಿಗೆಯಲ್ಲಿ ಹಲಗೆಗಳು ಕುಗ್ಗಿ, ತೋಡಿನಿಂದ ಹೊರಬಂದ ನಾಲಿಗೆಯ ಬಣ್ಣ ಕಾಣದ ಭಾಗ, ಪ್ರತಿ ಎರಡು ಹಲಗೆಗಳ ನಡುವೆ ಒಂದು ಕಪ್ಪು ಗೆರೆಯಾಗಿ ತೋರುತ್ತಿತ್ತು. ಬಿಳಿ ಬಣ್ಣ ಆರಿಸಿದ್ದರೆ ಇಡೀ ಗೋಡೆಯಲ್ಲಿ ಪ್ರತಿ ವರ್ಷ ಇದೇ ಕಾಣುತ್ತಿತ್ತು. ಗಟ್ಟಿ ಹಲಗೆಗೆ ತಿಳಿಬಣ್ಣ ಹೊಡೆಯಲೇಬೇಕಾದವರು ಹಲಗೆಗಳು ಹೆಚ್ಚು ಕುಗ್ಗಿರುವ ಒಣ ಕಾಲದಲ್ಲಿ ಹೊಡೆಯುವುದು ಉತ್ತಮ, ಆಗ ನಾಲಿಗೆಗೂ ಬಣ್ಣ ತಲಪುತ್ತದೆ.

ಕೆಲಸ ಮುಗಿದಾಗ ಗೋಡೆಯೊಳಗೆ ಹೂತ ಪೈಪುಗಳ ಫೋಟೊ, ಯಾವ ಗೋಡೆಗೆ ಯಾವ ಪ್ರೈಮರ್, ಯಾವ ಛಾಯೆ, ಯಾವ ಕೋಟು ಎಂಬ ವಿವರ, ಹೊರಗಿನ ಮಣ್ಣು ಯಾವ ಮಟ್ಟಕ್ಕಿಂತ ಮೇಲೆ ಬರಬಾರದು ಎಂಬ ಗುರುತು ಇಷ್ಟನ್ನೂ ಒಂದು ಕಾಗದದಲ್ಲಿ ಬರೆದು ಮೀಟರ್ ಪೆಟ್ಟಿಗೆಯ ಬಾಗಿಲ ಒಳಬದಿಗೆ ಅಂಟಿಸಿದ್ದೆವು. ನಾನು ಮತ್ತೆ ಹೋದಾಗ ಅದರ ಕೆಳಗೆ ಮಗಳ ಅಕ್ಷರದಲ್ಲಿ, ಮಳೆಗಾಲದ ಪ್ರತಿ ತಿಂಗಳ ತೇವಾಂಶದ ಅಂಕಿಗಳೂ ಸೇರಿದ್ದವು.